ಸ್ಕೇರ್‌ಕ್ರೋ ವಿಡಿಯೊ, ಸಿಯಾಟಲ್: ಎಲೈಷ ಕುಕ್‌ನನ್ನು ಹುಡುಕಿಕೊಂಡು ಹೋಗುವವರಿಗೆ

ರೂಸ್‌ವೆಲ್ಟ್ ವೇಯಲ್ಲಿರುವ ಈ ವಿಡಿಯೊ ಅಂಗಡಿಯ ಬಗ್ಗೆ ಬರೆಯುವವರೆಲ್ಲ ಅಲ್ಲಿರುವ ಚಿತ್ರಗಳ ಲೆಕ್ಕದಿಂದ ಶುರುಮಾಡುತ್ತಾರೆ. 1.4 ಲಕ್ಷಕ್ಕೂ ಮೇಲಂತೆ. ಇರಲಿ ಪಾಪ. ನಾನು ಅಲ್ಲಿಗೆ ಹೋಗುವುದು ಹಳೇ ಹಾಲಿವುಡ್‌ನ ಒಬ್ಬನೇ ಒಬ್ಬ ಪೋಷಕ ನಟನಿಗಾಗಿ. ಎಲೈಷ ಕುಕ್ ಜೂನಿಯರ್. ಗಿಡ್ಡ ಆಳು, ಅಗಲ ಕಣ್ಣು, ಯಾರಾದರೂ ಕೆಣಕಿದರೆ ಅಳುವನೋ ಗುಂಡು ಹಾರಿಸುವನೋ ಹೇಳಲಾಗದ ಮುಖ.

1988ರಲ್ಲಿ ಶುರುವಾದ ಅಂಗಡಿ, 2014ರಿಂದ ಲಾಭದಾಸೆಯಿಲ್ಲದ ಸಂಸ್ಥೆಯಾಗಿ ನಡೆಯುತ್ತಿದೆ. ಡಿಸ್ಕು, ಟೇಪುಗಳನ್ನು ಬಾಡಿಗೆಗೆ ಕೊಡುತ್ತಾರೆ. ಒಂದು ದೊಡ್ಡ ಭಾಗವನ್ನು ನಿರ್ದೇಶಕರ ಹೆಸರಿನ ಮೇಲೆ ಜೋಡಿಸಿಟ್ಟಿದ್ದಾರೆ. ಸಿನಿಮಾ ಓದಿಕೊಂಡವರಿಗೆ ಇದು ಹಬ್ಬ. ಪೋಷಕ ನಟನ ಹಿಂದೆ ಬಿದ್ದವರಿಗೆ ಕಾಲಿಗೆ ಕೆಲಸ. ಏಕೆಂದರೆ ಕುಕ್‌ಗೆ ಅಂತ ಒಂದು ಕಪಾಟಿಲ್ಲ, ಇರುವುದೂ ಸಾಧ್ಯವಿಲ್ಲ. ಹ್ಯೂಸ್ಟನ್ ಹತ್ತಿರ ಒಂದಿಷ್ಟು, ಹಾಕ್ಸ್ ಹತ್ತಿರ ಒಂದಿಷ್ಟು, ಆಮೇಲೆ ಸಿಯೋಡ್ಮಾಕ್, ಸ್ಟೀವನ್ಸ್, ಅಲ್ಲಿಂದ ಹಿಂದಕ್ಕೆ ಬಂದು ಕುಬ್ರಿಕ್. ನನಗಂತೂ ಈ ಓಡಾಟವೇ ಇಷ್ಟ. ಆ ಕಾಲದ ಹಾಲಿವುಡ್‌ನ ಎಷ್ಟು ದೊಡ್ಡವರು ಈ ಸಣ್ಣ ಆಳನ್ನು ಕರೆಸಿಕೊಂಡರು ಎನ್ನುವುದು ಕಾಲಿಗೇ ಗೊತ್ತಾಗುತ್ತದೆ.

ಹುಟ್ಟಿದ್ದು 1903, ಸ್ಯಾನ್ ಫ್ರಾನ್ಸಿಸ್ಕೊ. 1933ರಲ್ಲಿ ಬ್ರಾಡ್‌ವೇಯಲ್ಲಿ ಯುಜೀನ್ ಓನೀಲ್ ನಾಟಕದಲ್ಲಿ ಹದಿಹರೆಯದ ಮಗನ ಪಾತ್ರ ಮಾಡಿ ಹೆಸರು ಮಾಡಿದ. 1941ರ 'ದಿ ಮಾಲ್ಟೀಸ್ ಫಾಲ್ಕನ್'ನಲ್ಲಿ ಪಾತಕಿ ಯಜಮಾನನ ಬಂಟ ವಿಲ್ಮರ್ ಆದಾಗ ಅವನಿಗೆ ಮೂವತ್ತೇಳು. ಆದರೂ ಎಲ್ಲರೂ ಅವನನ್ನು ಹುಡುಗ ಅಂತಲೇ ಕರೆಯುತ್ತಾರೆ, ನಾವೂ ನಂಬುತ್ತೇವೆ. ನಾಯಕ ಹಂಫ್ರಿ ಬೋಗಾರ್ಟ್ ಅವನ ಪಿಸ್ತೂಲು ಕಿತ್ತುಕೊಳ್ಳುತ್ತಾನೆ. ಯಜಮಾನನೇ ಅವನನ್ನು ಪೊಲೀಸರಿಗೆ ಬಲಿಕೊಡಲು ಒಪ್ಪುತ್ತಾನೆ. ಆಗ ಅವನ ಕಣ್ಣಲ್ಲಿ ನೀರು. ಕೊಲೆಗಾರನ ಕಣ್ಣಲ್ಲಿ!

ಅಲ್ಲಿಂದಾಚೆ ಅವನಿಗೆ ಸಿಕ್ಕ ಕೆಲಸವೆಂದರೆ ಹೆಚ್ಚಾಗಿ ಸಾಯುವುದು. 1944ರ 'ಫ್ಯಾಂಟಮ್ ಲೇಡಿ'ಯಲ್ಲಿ ಡ್ರಮ್ಮರ್. ನೆಲಮಾಳಿಗೆಯ ಜಾಝ್ ಕೂಟದಲ್ಲಿ ನಾಯಕಿ ಎಲಾ ರೇನ್ಸ್ ಎದುರು ಮೈಮೇಲೆ ಬಂದವನಂತೆ ಬಾರಿಸಿ, ಆಮೇಲೆ ಕುತ್ತಿಗೆ ಹಿಸುಕಿಸಿಕೊಳ್ಳುತ್ತಾನೆ. 1947ರ 'ಬಾರ್ನ್ ಟು ಕಿಲ್'ನಲ್ಲಿ ಗೆಳೆಯನೇ ಕೊಲ್ಲುತ್ತಾನೆ. 1953ರ 'ಶೇನ್'ನಲ್ಲಿ ಜ್ಯಾಕ್ ಪ್ಯಾಲೆನ್ಸ್ ಗುಂಡಿಗೆ ಕೆಸರಿನಲ್ಲಿ ಬೀಳುತ್ತಾನೆ. ಗುಂಡು ತಾಗಿದವನು ಹಿಂದಕ್ಕೆ ಎಸೆದಂತೆ ಹಾರಲೆಂದು ಮೈಗೆ ತಂತಿ ಕಟ್ಟಿ ಎಳೆದರು. ಆ ಸಾವು ಇವತ್ತಿಗೂ ನೋಡಲು ಕಷ್ಟ.

ನನ್ನ ಮಟ್ಟಿಗೆ ಅವನ ಅತ್ಯುತ್ತಮ ಕೆಲಸ 1946ರ 'ದಿ ಬಿಗ್ ಸ್ಲೀಪ್'ನ ಹ್ಯಾರಿ ಜೋನ್ಸ್. ಹೆಚ್ಚು ಹೊತ್ತೇನೂ ಇರುವುದಿಲ್ಲ. ಆಗ್ನೆಸ್ ಎಂಬ ಹೆಂಗಸಿನ ಮೇಲೆ ಅವನಿಗೆ ಪ್ರೀತಿ. ಆಕೆ ಎಲ್ಲಿದ್ದಾಳೆ ಅಂತ ಕನೀನೋ ಎಂಬ ಗೂಂಡಾ ಬೆದರಿಸಿ ಕೇಳಿದಾಗ ಇವನು ಒಂದು ವಿಳಾಸ ಹೇಳುತ್ತಾನೆ, ಕೊಟ್ಟ ವಿಷದ ವಿಸ್ಕಿ ಕುಡಿಯುತ್ತಾನೆ, ಸಾಯುತ್ತಾನೆ. ವಿಳಾಸ ಸುಳ್ಳು. ಬೋಗಾರ್ಟ್ ಪಕ್ಕದ ಕೋಣೆಯಲ್ಲಿ ನಿಂತು ಎಲ್ಲ ಕೇಳಿಸಿಕೊಳ್ಳುತ್ತಾನೆ. ಆಗ್ನೆಸ್‌ಗೆ ಬೇಕಾಗಿದ್ದದ್ದು ದುಡ್ಡು ಮಾತ್ರ ಅಂತ ಆಮೇಲೆ ಗೊತ್ತಾಗುತ್ತದೆ. ಆ ಇಡೀ ಕತೆಯಲ್ಲಿ ಯಾರು ಯಾರನ್ನು ಯಾಕೆ ಕೊಂದರು ಎನ್ನುವುದು ನನಗೆ ಈಗಲೂ ಗೋಜಲು. ಹ್ಯಾರಿ ಜೋನ್ಸ್ ಯಾಕೆ ಸತ್ತ ಎನ್ನುವುದು ಮಾತ್ರ ಸ್ಪಷ್ಟ.

ಅದೇ ಮನುಷ್ಯ ಹತ್ತು ವರ್ಷ ಹೆಚ್ಚು ಬದುಕಿ ಮದುವೆಯಾಗಿದ್ದರೆ 1956ರ 'ದಿ ಕಿಲ್ಲಿಂಗ್'ನ ಜಾರ್ಜ್ ಪೀಟಿ ಆಗುತ್ತಿದ್ದ. ಕುದುರೆ ರೇಸಿನ ಕಿಟಕಿಯಲ್ಲಿ ಕೂರುವ ಗುಮಾಸ್ತ. ಹೆಂಡತಿ ಶೆರ್ರಿ, ಅಂದರೆ ಮೇರಿ ವಿಂಡ್ಸರ್, ಅವನಿಗಿಂತ ಎತ್ತರ, ಬಾಯಿಯಂತೂ ಚೂರಿ. ಅವಳ ಮುಂದೆ ಗಂಡಸು ಅನ್ನಿಸಿಕೊಳ್ಳಲು ತಾನೂ ಸೇರಿಕೊಂಡ ದರೋಡೆಯ ಗುಟ್ಟು ಬಿಟ್ಟುಕೊಡುತ್ತಾನೆ. ಅವಳು ಅದನ್ನು ಪ್ರಿಯಕರನಿಗೆ ಮುಟ್ಟಿಸುತ್ತಾಳೆ. ನಮ್ಮ ಯಜಮಾನರು ಇದನ್ನು ನೋಡಿ, "ಪಾಪ, ಅವನಿಗೆ ಒಂದು ಲೋಟ ಕಾಫಿ ಕೊಡುವವರೂ ಇಲ್ಲವಲ್ಲೇ" ಎಂದರು.

ಟಿವಿ ಬಂದ ಮೇಲೆ ಇಂಥ ನಟರಿಗೆ ಬೇಡಿಕೆ ಹೆಚ್ಚಿತು. ಒಂದು ಕಂತಿನೊಳಗೆ ಪಾತ್ರ ಪರಿಚಯಿಸಿ, ಬೆಳೆಸಿ, ಮುಗಿಸಬೇಕು. ಕುಕ್ ಬಾಗಿಲು ತೆರೆದು ಒಳಗೆ ಬಂದರೆ ಅರ್ಧ ಪರಿಚಯ ಮುಗಿದಂತೆ. 'ಸೂಪರ್‌ಮ್ಯಾನ್', 'ಪೆರ್ರಿ ಮೇಸನ್', 'ಗನ್‌ಸ್ಮೋಕ್', ಎಲ್ಲದರಲ್ಲೂ ಬಂದು ಹೋಗಿದ್ದಾನೆ. 1980ರ ದಶಕದ 'ಮ್ಯಾಗ್ನಮ್'ನಲ್ಲಿ ಐಸ್ ಪಿಕ್ ಎಂಬ ಮುದಿ ಪಾತಕಿ. ಈ ಸೆಟ್ಟುಗಳೆಲ್ಲ ಟಿವಿ ವಿಭಾಗದಲ್ಲಿ ಹುಡುಕಬೇಕು. 1967ರ 'ಸ್ಟಾರ್ ಟ್ರೆಕ್'ನ 'ಕೋರ್ಟ್ ಮಾರ್ಷಲ್' ಕಂತನ್ನು ಬಿಡಬೇಡಿ. ಅದರಲ್ಲಿ ಇವನು ವಕೀಲ ಕಾಗ್ಲಿ. ಬಾಹ್ಯಾಕಾಶ ಯುಗದಲ್ಲೂ ಕಂಪ್ಯೂಟರ್ ಮುಟ್ಟದೆ ಕಾಗದದ ಪುಸ್ತಕಗಳನ್ನೇ ಹೇರಿಕೊಂಡು ಬರುವವನು. ಈ ಅಂಗಡಿಗೆ ತಕ್ಕ ಗಿರಾಕಿ.

ಹಾಗೆಂದು ಅಂಗಡಿಯವರು ಹಳೇ ಕಾಲಕ್ಕೆ ಅಂಟಿಕೊಂಡವರಲ್ಲ, ಹುಡುಕಲು ಕಂಪ್ಯೂಟರ್ ಇದೆ. ಆದರೆ ನಾನು ಕೌಂಟರಿನ ಹುಡುಗಿಗೆ ಕುಕ್ ಹೆಸರು ಹೇಳಿದಾಗ ಅವಳು ಕೀಲಿಮಣೆ ಮುಟ್ಟಲಿಲ್ಲ. 'ಹೌಸ್ ಆನ್ ಹಾಂಟೆಡ್ ಹಿಲ್' ನೋಡಿದ್ದೀರಾ ಅಂತ ಕೇಳಿದಳು. 1959ರ ವಿಲಿಯಂ ಕ್ಯಾಸಲ್ ಚಿತ್ರ. ಭೂತದ ಮನೆಯ ಒಡೆಯನಾಗಿ ಕುಕ್ ಕುಡಿದು ಎಲ್ಲರನ್ನೂ ಹೆದರಿಸುತ್ತಾನೆ. ಮನೆಯ ಸ್ಟ್ರೀಮಿಂಗ್‌ನಲ್ಲಿ ಇದೇ ಹೆಸರು ಹಾಕಿದರೆ ಅಡುಗೆ ಕಾರ್ಯಕ್ರಮಗಳು ಬರುತ್ತವೆ.

ಜಾನ್ ಹ್ಯೂಸ್ಟನ್ ತಮ್ಮ ಆತ್ಮಕಥೆಯಲ್ಲಿ ಬರೆದಿದ್ದಾರೆ: ಕುಕ್ ಸಿಯೆರಾ ಬೆಟ್ಟದ ಮೇಲೆ ಒಬ್ಬನೇ ಇದ್ದು, ಚಿತ್ರಗಳ ನಡುವಿನ ಬಿಡುವಿನಲ್ಲಿ ಟ್ರೌಟ್ ಮೀನು ಹಿಡಿಯುತ್ತಿದ್ದನಂತೆ. ಬೇಕಾದಾಗ ಹಾಲಿವುಡ್‌ನವರು ಆಳು ಕಳಿಸಿ ಕರೆಸಬೇಕಿತ್ತು. ಸತ್ತಿದ್ದೂ ಆ ಕಡೆಯ ಬಿಗ್ ಪೈನ್‌ನಲ್ಲೇ, 1995ರಲ್ಲಿ. ಬೇಕಾದವರು ಬರುತ್ತಾರೆ ಅನ್ನುವ ಧೈರ್ಯ ಅದು.

ಹೋಗುವವರಿಗೆ ಕೆಲವು ಮಾತು. ಕಾರು ನಿಲ್ಲಿಸಲು ಒದ್ದಾಡುವ ಬದಲು ಲೈಟ್ ರೈಲಿನಲ್ಲಿ ಯು ಡಿಸ್ಟ್ರಿಕ್ಟ್ ನಿಲ್ದಾಣಕ್ಕೆ ಬಂದು ನಡೆಯಿರಿ. ಅಪರೂಪದ ಕೆಲವು ಡಿಸ್ಕುಗಳಿಗೆ ಠೇವಣಿ ಕೇಳುತ್ತಾರೆ, ನ್ಯಾಯವೇ. ಸಿಯಾಟಲ್‌ನಿಂದ ದೂರವಿದ್ದರೆ ಅಮೆರಿಕದೊಳಗೆ ಅಂಚೆಯಲ್ಲೂ ತರಿಸಿಕೊಳ್ಳಬಹುದು. ಮನೆಯಲ್ಲಿ ಡಿಸ್ಕ್ ಪ್ಲೇಯರ್ ಇಲ್ಲದವರು ಮೊದಲು ಅದರ ವ್ಯವಸ್ಥೆ ಮಾಡಿಕೊಳ್ಳಿ. ಇವತ್ತೇ ಈಗಲೇ ಏನಾದರೂ ಒಂದು ನೋಡಬೇಕು ಅನ್ನುವವರಿಗೆ ಈ ಜಾಗವಲ್ಲ.

ಮೊದಲ ಸಲ ಹೋದರೆ 'ದಿ ಬಿಗ್ ಸ್ಲೀಪ್' ತನ್ನಿ. ಆ ಚಿತ್ರಕ್ಕೆ ಎರಡು ರೂಪಗಳಿವೆ, 1945ರಲ್ಲಿ ಸೈನಿಕರಿಗೆ ತೋರಿಸಿದ್ದೊಂದು, ಮರುವರ್ಷ ಕೆಲವು ದೃಶ್ಯ ಬದಲಿಸಿ ಬಿಡುಗಡೆ ಮಾಡಿದ್ದೊಂದು. ಎರಡೂ ಇರುವ ಡಿಸ್ಕನ್ನೇ ಕೇಳಿ ತೆಗೆದುಕೊಳ್ಳಿ. ಬೋಗಾರ್ಟ್ ಮತ್ತು ನಾಯಕಿ ಲಾರೆನ್ ಬಕಾಲ್ ಮಾತುಕತೆ ಎರಡನೆಯದರಲ್ಲಿ ಹೆಚ್ಚು ಚುರುಕು. ಹ್ಯಾರಿ ಜೋನ್ಸ್ ಎರಡರಲ್ಲೂ ಸಾಯುತ್ತಾನೆ.