ಕೋಳಿ ಸಾಕುವವರು ಹೋಗಲೇಬೇಕಾದ ಕಾರ್ಯಾಗಾರ

ಅಂಕೋಲಾ ಹತ್ತಿರ ನಮ್ಮ ಮನೆ. ಹಿತ್ತಲಲ್ಲಿ 14 ನಾಟಿ ಕೋಳಿ, ಒಂದು ಹುಂಜ. ಮದುವೆಯಾಗಿ ಬಂದಾಗಿನಿಂದ, ಅಂದ್ರೆ 22 ವರ್ಷದಿಂದ, ಕೋಳಿ ಕಾವಿಗೆ ಕೂರಿಸುತ್ತಿದ್ದೇನೆ. ಹೋದ ವರ್ಷ ಏಪ್ರಿಲ್‌ನಲ್ಲಿ 13 ಮೊಟ್ಟೆ ಇಟ್ಟೆ. ನಾಲ್ಕೇ ಮರಿ ಆದವು. ಕೋಳಿ ಚೆನ್ನಾಗಿಯೇ ಕೂತಿತ್ತು. ಯಾಕೆ ಹೀಗಾಯ್ತು ಅಂತ ನನಗೂ ತಿಳಿಯಲಿಲ್ಲ, ಅತ್ತೆಗೂ ತಿಳಿಯಲಿಲ್ಲ. ಉತ್ತರ ಸಿಕ್ಕಿದ್ದು ಕಾರವಾರದಲ್ಲಿ. ಮೊಟ್ಟೆಯೊಳಗೆ ಮರಿ ಹೇಗೆ ಬೆಳೆಯುತ್ತದೆ ಎಂದು ತೋರಿಸುವ ಒಂದು ದಿನದ ಕಾರ್ಯಾಗಾರಕ್ಕೆ ಎಂಟನೇ ತರಗತಿಯ ಮಗಳನ್ನು ಕರೆದುಕೊಂಡು ಹೋಗಿದ್ದೆ. ದೊಡ್ಡವರಿಗೆ 200 ರೂಪಾಯಿ, ಮಕ್ಕಳಿಗೆ 100.

ನಡೆಸುವವರು ಸಿದ್ದಾಪುರ ಕಡೆಯವರು. ನಾವೆಲ್ಲ ಅಕ್ಕೋರು ಅಂತಲೇ ಕರೆದೆವು. ಒಂದೇ ಒಂದು ಜೀವಕೋಶದಿಂದ ಕೈಕಾಲು, ಕಣ್ಣು, ಹೃದಯ ಇರುವ ಪ್ರಾಣಿ ಹೇಗೆ ಆಗುತ್ತದೆ ಅನ್ನುವುದು ಅವರು ಓದಿದ ವಿಷಯ. ಬೆಂಗಳೂರಿನಲ್ಲಿ ಪಿಎಚ್‌ಡಿ ಮಾಡಿದ್ದು ಜೀಬ್ರಾ ಮೀನಿನ ಮೇಲೆ. ಬೆರಳಿನಷ್ಟೂ ಉದ್ದ ಇಲ್ಲದ, ಮೈಮೇಲೆ ಪಟ್ಟೆ ಇರುವ ನಮ್ಮ ದೇಶದ್ದೇ ಹೊಳೆ ಮೀನು. ಅದರ ಮೊಟ್ಟೆ ಗಾಜಿನ ಹಾಗೆ. ಒಳಗೆ ಆಗುವುದೆಲ್ಲ ಹೊರಗಿನಿಂದಲೇ ಕಾಣುತ್ತದೆ. ಒಂದು ದಿನ ಕಳೆಯುವಷ್ಟರಲ್ಲಿ ಹೃದಯ ಬಡಿಯಲು ಶುರು ಮಾಡುತ್ತದೆ! ಅವರೇ ತೆಗೆದ ವಿಡಿಯೋ ತೋರಿಸಿದರು. ಮಗಳು ನನ್ನ ಕೈ ಗಟ್ಟಿಯಾಗಿ ಹಿಡಿದುಕೊಂಡಳು.

ಈ ಮೀನು ಬೆಳಕಾಗುತ್ತಿದ್ದಂತೆ ಮೊಟ್ಟೆ ಇಡುತ್ತದಂತೆ. ಹಾಗಾಗಿ ವರ್ಷಗಟ್ಟಲೆ ಬೆಳಗಾಗುವ ಮುಂಚೆ ಎದ್ದು ಪ್ರಯೋಗಾಲಯಕ್ಕೆ ಓಡಿದವರು ಇವರು. ಅದನ್ನು ಬಿಟ್ಟು ಈಗ ಆರು ವರ್ಷ. ಒಬ್ಬ ಹುಡುಗಿ ಎದ್ದು ನಿಂತು, "ಅಕ್ಕೋರೇ, ಇದರಲ್ಲಿ ಸಂಬಳ ಎಷ್ಟು?" ಎಂದು ಕೇಳಿಯೇಬಿಟ್ಟಳು. ಅವರು ಮುಚ್ಚಿಡಲಿಲ್ಲ. ಕಾಲೇಜಿನಲ್ಲಿ ವಾರಕ್ಕೆ ಮೂರು ದಿನ ಪಾಠ, ಪತ್ರಿಕೆಗೆ ಲೇಖನ, ಇಂಥ ಕಾರ್ಯಾಗಾರ, ಎಲ್ಲ ಸೇರಿದರೆ ಮನೆ ನಡೆಯುತ್ತದೆ, ಒಂದೊಂದು ತಿಂಗಳು ಕಷ್ಟ ಆಗುತ್ತದೆ ಎಂದರು. ಮೊದಲ ಎರಡು ವರ್ಷ ಕನ್ನಡದಲ್ಲಿ ಹೇಳಲು ಶಬ್ದ ಹುಡುಕುವುದರಲ್ಲೇ ಹೋಯಿತಂತೆ. ಮಕ್ಕಳ ಎದುರು ಇಷ್ಟು ನೇರವಾಗಿ ಮಾತಾಡಿದ್ದು ನನಗೆ ತುಂಬಾ ಹಿಡಿಸಿತು.

ಇನ್ನು ಮೊಟ್ಟೆ ವಿಷಯ. ಎರಡು ಬಟ್ಟಲಲ್ಲಿ ಎರಡು ಮೊಟ್ಟೆ ಒಡೆದು ಹಾಕಿದರು. ಒಂದು ಅಂಗಡಿಯದು, ಒಂದು ನಾಟಿ. ಎರಡರ ಹಳದಿ ಮೇಲೂ ಬಿಳಿ ಚುಕ್ಕಿ ಇತ್ತು. ಅಂಗಡಿ ಮೊಟ್ಟೆಯದು ಸುಮ್ನೆ ಒಂದು ಚಿಕ್ಕ ಬಿಳಿ ಕಲೆ. ನಾಟಿ ಮೊಟ್ಟೆಯದು ಉಂಗುರದ ಹಾಗೆ ದುಂಡಗೆ. ಹುಂಜ ಕೂಡಿದ ಮೊಟ್ಟೆಯ ಗುರುತು ಅದು. "ಹಂಗಾರೆ ಅಂಗಡಿ ಮೊಟ್ಟೆ ತಿಂದ್ರೆ ಜೀವ ತೆಗೆದ ಹಾಗಲ್ಲ?" ಎಂದು ಒಬ್ಬ ಅಜ್ಜಿ ಕೇಳಿದರು. ಆ ಫಾರಂಗಳಲ್ಲಿ ಹುಂಜವೇ ಇರುವುದಿಲ್ಲ ಅಜ್ಜಿ, ಅದರಿಂದ ಮರಿ ಆಗುವುದೇ ಇಲ್ಲ ಎಂದು ನಿಧಾನವಾಗಿ ಹೇಳಿದರು.

ಆಮೇಲೆ ನಾನು ನನ್ನ ಏಪ್ರಿಲ್ ಕಥೆ ಹೇಳಿದೆ. ಮೊಟ್ಟೆ ಎಲ್ಲಿಟ್ಟಿದ್ದಿರಿ, ಎಷ್ಟು ದಿನ ಇಟ್ಟಿದ್ದಿರಿ ಎಂದು ಕೇಳಿದರು. ಅಡುಗೆಮನೆಯಲ್ಲಿ, ಅಕ್ಕಿ ಡಬ್ಬದಲ್ಲಿ, ಎರಡು ವಾರ ಎಂದೆ. ಅಲ್ಲೇ ತಪ್ಪಾಗಿರಬೇಕು ಎಂದರು. ಕೋಳಿ ಮೊಟ್ಟೆ ಹಾಕುವ ಹೊತ್ತಿಗೇ ಒಳಗೆ ಸಾವಿರಾರು ಜೀವಕೋಶ ಆಗಿರುತ್ತವೆ. ತಂಪಿದ್ದರೆ ಬೆಳವಣಿಗೆ ಅಲ್ಲಿಗೇ ನಿಂತು ಕಾಯುತ್ತದೆ. ಅದಕ್ಕೇ ಬೇರೆ ಬೇರೆ ದಿನ ಹಾಕಿದ ಮೊಟ್ಟೆಗಳೂ ಒಟ್ಟಿಗೆ ಕಾವಿಗೆ ಇಟ್ಟರೆ 21ನೇ ದಿನಕ್ಕೆ ಹೆಚ್ಚುಕಮ್ಮಿ ಒಟ್ಟಿಗೇ ಒಡೆಯುವುದು. ಆದರೆ ನಮ್ಮ ಕರಾವಳಿಯ ಬೇಸಿಗೆಯಲ್ಲಿ, ಅದೂ ಒಲೆ ಪಕ್ಕ, ಬೆಳವಣಿಗೆ ಪೂರ್ತಿ ನಿಲ್ಲುವುದಿಲ್ಲ. ಕಾವಿಗೆ ಬೇಕಾದಷ್ಟು ಬಿಸಿಯೂ ಇರುವುದಿಲ್ಲ. ಅರೆಬರೆ ಬೆಳೆದು ಸತ್ತುಹೋಗುತ್ತದೆ. ತಂಪು ಜಾಗದಲ್ಲಿಡಿ, ಒಂದು ವಾರಕ್ಕಿಂತ ಜಾಸ್ತಿ ಇಡಬೇಡಿ ಎಂದರು. ಎಷ್ಟು ಸರಳ, ಅಲ್ವಾ? 22 ವರ್ಷದಲ್ಲಿ ಯಾರೂ ಹೇಳಿರಲಿಲ್ಲ.

ಕೋಳಿ ಕೊಕ್ಕಿನಿಂದ ಮೊಟ್ಟೆ ಹೊರಳಿಸುತ್ತಾ ಇರುವುದು ಯಾಕೆ ಅಂತಲೂ ತಿಳಿಯಿತು. ಒಂದೇ ಕಡೆ ಬಿದ್ದುಕೊಂಡಿದ್ದರೆ ಹಳದಿ ಮೇಲಕ್ಕೆ ತೇಲಿ, ಮರಿ ಚಿಪ್ಪಿನ ಒಳಪೊರೆಗೆ ಅಂಟಿಕೊಳ್ಳುತ್ತದೆ.

ಮಧ್ಯಾಹ್ನ ಕೋಣೆ ಕತ್ತಲೆ ಮಾಡಿ ಬ್ಯಾಟರಿ ಬೆಳಕಿಗೆ ಮೊಟ್ಟೆ ಹಿಡಿದರು. ಐದು ದಿನದ್ದರಲ್ಲಿ ಜೇಡನ ಕಾಲಿನ ಹಾಗೆ ಕೆಂಪು ನರಗಳು, ನಡುವೆ ಒಂದು ಕಪ್ಪು ಚುಕ್ಕಿ. ಹತ್ತು ದಿನದ್ದರಲ್ಲಿ ಏನೋ ಅಲುಗಿತು. ನಾನೂ ಮನೆಯಲ್ಲಿ ಬೆಳಕಿಗೆ ಹಿಡಿದು ನೋಡುವವಳೇ. ಕಪ್ಪಾದರೆ ಮರಿ, ತಿಳಿಯಾಗಿದ್ದರೆ ಗೊಡ್ಡು, ಅಷ್ಟೇ ಗೊತ್ತಿತ್ತು. ಕಾವಿಗೆ ಇಟ್ಟಿದ್ದ ಒಂದು ಮೊಟ್ಟೆಯನ್ನೂ ಅವರು ಒಡೆಯಲಿಲ್ಲ. ನೋಡಿದ ಕೂಡಲೇ ವಾಪಸ್ ಬೆಚ್ಚಗಿನ ಪೆಟ್ಟಿಗೆಗೆ.

ಊಟದ ನಂತರದ ಒಂದು ಗಂಟೆ ಮಾತ್ರ ಮಕ್ಕಳಿಗೆ ಭಾರವಾಯಿತು. ಹಣ್ಣಿನ ನೊಣದಲ್ಲಿ ದೇಹದ ನಕ್ಷೆ ಹಾಕುವ ಜೀನ್‌ಗಳನ್ನು ಹುಡುಕಿದ ಮೂವರಿಗೆ 1995ರಲ್ಲಿ ನೊಬೆಲ್ ಬಂದ ಕಥೆ ಚೆನ್ನಾಗಿಯೇ ಇತ್ತು. ಪರದೆ ಮೇಲಿನ ಅಕ್ಷರ ಎಲ್ಲ ಇಂಗ್ಲಿಷ್. ಬಾಯಲ್ಲಿ ಇಷ್ಟು ಒಳ್ಳೆಯ ಕನ್ನಡ ಇರುವವರು ಚಿತ್ರಕ್ಕೂ ಕನ್ನಡ ಹಾಕಬೇಕು. ಸೂಕ್ಷ್ಮದರ್ಶಕ ಒಂದೇ, ಜನ 40. ನನ್ನ ಪಾಳಿ ಬರಲು ಮುಕ್ಕಾಲು ಗಂಟೆ ಆಯಿತು. ಸಭಾಂಗಣದವರು ಫ್ಯಾನ್ ಸರಿ ಮಾಡಿಸಿರಲಿಲ್ಲ.

ಕಪ್ಪೆ ವಿಷಯ ಬಂದಾಗ ಮಕ್ಕಳು ಮತ್ತೆ ಚುರುಕಾದರು. ನಮ್ಮ ಜಿಲ್ಲೆಯ ಕತ್ತಲೆಕಾನು ಅನ್ನುವ ಕಾಡಿನಲ್ಲಿ ಒಂದು ಕಪ್ಪೆ ಇದೆ. ಗಂಡು ಕಪ್ಪೆ ಮುಂಗಾಲಿನಲ್ಲಿ ಕೆಸರು ತಂದು ಮೊಟ್ಟೆಗಳಿಗೆ ಮೆತ್ತುತ್ತದೆ. ಮಡಕೆ ಮಾಡುವವರ ಹಾಗೆ. 2014ರಲ್ಲಿ ವಿಜ್ಞಾನಿಗಳು ಅದಕ್ಕೆ ಕುಂಬಾರ ಎಂದೇ ಹೆಸರಿಟ್ಟರು. ಜಗತ್ತಿನ ವಿಜ್ಞಾನಿಗಳೆಲ್ಲ ಬರೆಯುವ ಹೆಸರಿನಲ್ಲಿ ನಮ್ಮ ಕನ್ನಡ ಶಬ್ದ! ಹಾಗೆ ಹೇಳುವಾಗ ಅಕ್ಕೋರ ಮುಖ ನೋಡಬೇಕಿತ್ತು.

ಈ ಬೇಸಿಗೆಯಲ್ಲಿ ನಾನು ಮೊಟ್ಟೆಗಳನ್ನು ನೀರಿನ ಕೊಡದ ಪಕ್ಕ, ಒದ್ದೆ ಮರಳಿನ ಮೇಲೆ ಬಟ್ಟಲಲ್ಲಿ ಇಟ್ಟೆ. ಆರೇ ದಿನ. 11ರಲ್ಲಿ 9 ಮರಿ ಆದವು.

ಮಳೆಗಾಲ ಮುಗಿದ ಮೇಲೆ ಕುಮಟಾದಲ್ಲಿ ಮತ್ತೆ ಮಾಡುತ್ತಾರಂತೆ. ಹೋಗುವವರು ಬುತ್ತಿ ಕಟ್ಟಿಕೊಳ್ಳಿ, ಅಲ್ಲಿ ಚಹಾ ಮಾತ್ರ ಕೊಡುತ್ತಾರೆ. ಮನೆಯ ಎರಡು ಮೊಟ್ಟೆಯೂ ಜೊತೆಗಿರಲಿ, ಹಾಕಿದ ತಾರೀಕನ್ನು ಪೆನ್ಸಿಲ್‌ನಲ್ಲಿ ಬರೆದಿರಿ. ಅಕ್ಕೋರು ಮೊದಲು ಕೇಳುವುದೇ ಅದನ್ನು.