ಗೋಡೆ ಮೇಲೆ ವಾನಮೇಕರ್, ಗಲ್ಲಾದಲ್ಲಿ ಕ್ರೆಡಿಟ್ ನೋಟ್

ಮೊದಲೇ ಹೇಳಿಬಿಡುತ್ತೇನೆ: ಬಟ್ಟೆ ಚೆನ್ನಾಗಿದೆ, ದರ ನ್ಯಾಯವಾಗಿದೆ, ಕೌಂಟರಿನ ಹುಡುಗಿಯರು ಮರ್ಯಾದೆಯಿಂದ ಮಾತಾಡಿಸುತ್ತಾರೆ. ನಾಲ್ಕು ಸ್ಟಾರ್ ಕೊಟ್ಟಿದ್ದೇನೆ. ಐದನೆಯದನ್ನು ಯಾಕೆ ತಡೆಹಿಡಿದೆ ಅಂತ ಹೇಳುವುದಕ್ಕೇ ಇಷ್ಟು ಉದ್ದ ಬರೆಯುತ್ತಿರುವುದು. ಅವಸರ ಇರುವವರು ಇಲ್ಲಿಗೇ ನಿಲ್ಲಿಸಿ, ಹೋಗಿ ಕಾಟನ್ ಶರ್ಟ್ ತಗೊಳ್ಳಿ.

ಮಲ್ಲೇಶ್ವರ ಎಂಟನೇ ಕ್ರಾಸಿನಲ್ಲಿ ಹೂವಿನವರನ್ನೂ ಫುಟ್‌ಪಾತಿನ ನೈಟಿ ರಾಶಿಯನ್ನೂ ದಾಟಿ, ಮೆಟ್ಟಿಲು ಹತ್ತಿದರೆ ಮೊದಲ ಮಹಡಿಯಲ್ಲಿ ಈ ಅಂಗಡಿ. ಒಳಗೆ ಹೋದ ತಕ್ಷಣ ನನ್ನ ಕೈ ಬಟ್ಟೆಗಿಂತ ಮೊದಲು ಚೀಟಿಗೆ ಹೋಗುತ್ತದೆ. ಚಿಕ್ಕಪೇಟೆಯ ಜವಳಿ ಅಂಗಡಿಯೊಂದರಲ್ಲಿ ಲೆಕ್ಕ ಬರೆದುಕೊಂಡೇ ತಲೆ ನೆರೆಸಿಕೊಂಡವನು ನಾನು, ಆ ಚಾಳಿ ಬಿಡುವುದಿಲ್ಲ. ನಮ್ಮಲ್ಲಿ ಚೀಟಿಯ ಮೇಲೆ ಬೆಲೆ ಇರುತ್ತಿರಲಿಲ್ಲ. ಪೆನ್ಸಿಲ್‌ನಲ್ಲಿ ಬರೆದ ಮೂರೋ ನಾಲ್ಕೋ ಅಕ್ಷರ, ಅಷ್ಟೆ. ಯಾವ ಅಕ್ಷರವೂ ಎರಡು ಸಲ ಬರದ ಹತ್ತಕ್ಷರದ ಒಂದು ಗುಟ್ಟಿನ ಮಾತು ಸಾಹುಕಾರರ ಮನೆಯದು. ಒಂದರಿಂದ ಸೊನ್ನೆವರೆಗೆ ಒಂದೊಂದು ಅಂಕಿಗೆ ಒಂದೊಂದು ಅಕ್ಷರ. ಸೇಲ್ಸ್‌ಮನ್ ಸೀರೆಯನ್ನು ಝಾಡಿಸಿ ಹಾಸುವ ನೆಪದಲ್ಲಿ ಚೀಟಿಯನ್ನು ಹೆಬ್ಬೆರಳಲ್ಲಿ ಮಗುಚಿ ಓದಿಕೊಳ್ಳುತ್ತಿದ್ದ. ನಮಗೆ ಬಿದ್ದ ಅಸಲು ಅದು. ಅದರ ಮೇಲೆ ಎಷ್ಟು ಹೇಳಬೇಕು ಅನ್ನುವುದನ್ನು ಗಿರಾಕಿಯ ಚಪ್ಪಲಿ, ಜೊತೆಗೆ ಬಂದವರ ಸಂಖ್ಯೆ, ಮದುವೆಯ ತಾರೀಕು ಎಷ್ಟು ಹತ್ತಿರ ಇದೆ ಎನ್ನುವುದು ತೀರ್ಮಾನಿಸುತ್ತಿದ್ದವು. ಒಂದೇ ಸೀರೆ ಬೆಳಿಗ್ಗೆ ಒಂದು ರೇಟು, ಸಂಜೆ ಇನ್ನೊಂದು. ಇದನ್ನು ಮೋಸ ಅಂತ ನಮ್ಮಲ್ಲಿ ಯಾರೂ ಅಂದುಕೊಂಡಿರಲಿಲ್ಲ, ವ್ಯಾಪಾರ ಅಂದುಕೊಂಡಿದ್ದೆವು.

ಈ ಅಂಗಡಿಯಲ್ಲಿ ಪ್ರತಿಯೊಂದಕ್ಕೂ ದಪ್ಪ ಅಂಕಿಯ ಚೀಟಿ. ಅರ್ಧ ತೋಳಿನ ಕಾಟನ್ ಶರ್ಟ್ 640 ರೂಪಾಯಿ ಅಂದರೆ ನನಗೂ 640, ಕಾರಲ್ಲಿ ಬಂದಿಳಿದವರಿಗೂ 640. ನನ್ನ ಹಿಂದೆ ನಿಂತಿದ್ದ ಒಬ್ಬ ತಾಯಿ "ನಾಲ್ಕು ತಗೋತೀನಿ, ಕಮ್ಮಿ ಮಾಡ್ಕೊಳಮ್ಮ" ಅಂದರು. ಹುಡುಗಿ ನಕ್ಕು "ಇಲ್ಲಾಂಟಿ, ನಮ್ ಓನರ್ ಅಮ್ಮ ಬಂದ್ರೂ ಇದೇ ರೇಟು" ಅಂದಳು. ಈ ಉತ್ತರಕ್ಕೇ ಒಂದು ಸ್ಟಾರ್.

ಇನ್ನು ಗೋಡೆಯ ವಿಷಯ. ಟ್ರಯಲ್ ರೂಮಿನ ಪಕ್ಕದಲ್ಲಿ ಆಳೆತ್ತರದ ಫಲಕ, ಅದರಲ್ಲಿ ಕೋಟು ತೊಟ್ಟ ಅಮೆರಿಕದ ಮುದುಕರೊಬ್ಬರ ಫೋಟೋ, ಕೆಳಗೆ ಕನ್ನಡದಲ್ಲಿ ಅವರ ಕಥೆ. ಜಾನ್ ವಾನಮೇಕರ್, ಫಿಲಡೆಲ್ಫಿಯಾದ ಬಟ್ಟೆ ವ್ಯಾಪಾರಿ, 1838ರಲ್ಲಿ ಹುಟ್ಟಿ 1922ರಲ್ಲಿ ತೀರಿಕೊಂಡವರು. ಓನರ್ ಹುಡುಗ ಎಂಬಿಎ ಓದುವಾಗ ಇವರ ಬಗ್ಗೆ ತಿಳಿದು ಭಕ್ತನಾದನಂತೆ. ಅಂಗಡಿಗಳಲ್ಲಿ ಲಕ್ಷ್ಮಿ, ಗಣೇಶ, ತಿರುಪತಿ ತಿಮ್ಮಪ್ಪನ ಫೋಟೋ ನೋಡಿದ್ದೇನೆ. ಇನ್ನೊಬ್ಬ ವ್ಯಾಪಾರಿಯ ಫೋಟೋ ಹಾಕಿದವನನ್ನು ನೋಡಿದ್ದು ಇದೇ ಮೊದಲು. ಹೆಂಡತಿ ಟ್ರಯಲ್ ರೂಮಿನಿಂದ ಬರುವಷ್ಟರಲ್ಲಿ ಪೂರ್ತಿ ಓದಿ, ಮನೆಗೆ ಬಂದು ಇನ್ನಷ್ಟು ಓದಿದೆ.

ಮನುಷ್ಯ ಗಟ್ಟಿಗ, ಅನುಮಾನವಿಲ್ಲ. ಅಪ್ಪ ಇಟ್ಟಿಗೆ ಮಾಡುವವರು. ಹುಡುಗನಾಗಿದ್ದಾಗ ಹಸಿ ಇಟ್ಟಿಗೆ ಒಣಗಲು ಮಗುಚಿ ಹಾಕುವುದು ಇವರ ಕೆಲಸ. ಆಮೇಲೆ ಒಂದು ಪ್ರಕಾಶನದ ಅಂಗಡಿಯಲ್ಲಿ ಓಡಾಟದ ಹುಡುಗ, ವಾರಕ್ಕೆ ಒಂದೂಕಾಲು ಡಾಲರ್. 1861ರ ಏಪ್ರಿಲ್‌ನಲ್ಲಿ ಭಾವ ನೇಥನ್ ಬ್ರೌನ್ ಜೊತೆ ಸೇರಿ ಓಕ್ ಹಾಲ್ ಎಂಬ ಗಂಡಸರ ಬಟ್ಟೆ ಅಂಗಡಿ ತೆರೆದರು. ಅದೇ ವಾರ ಅಮೆರಿಕದಲ್ಲಿ ಅಂತರ್ಯುದ್ಧ ಶುರು. ಎಂಥಾ ಮುಹೂರ್ತ! ಮೊದಲ ದಿನದ ವ್ಯಾಪಾರ 24 ಡಾಲರ್ 67 ಸೆಂಟ್. ಅದರಲ್ಲಿ 24 ಡಾಲರನ್ನು ಜಾಹೀರಾತಿಗೆ ಸುರಿದು, 67 ಸೆಂಟ್ ಮಾತ್ರ ಮಾರನೆಯ ದಿನದ ಚಿಲ್ಲರೆಗೆ ಉಳಿಸಿಕೊಂಡರಂತೆ. ಬೋಣಿ ದುಡ್ಡನ್ನು ಕಣ್ಣಿಗೊತ್ತಿಕೊಂಡು ಗಲ್ಲಾಕ್ಕೆ ಹಾಕುವ ನಮ್ಮ ಸಾಹುಕಾರರು ಇದನ್ನು ಕೇಳಿದ್ದರೆ ಆ ಹುಡುಗನಿಗೆ ಹೆಣ್ಣು ಕೊಡುತ್ತಿರಲಿಲ್ಲ.

ಫಲಕದಲ್ಲಿ ಒಂದು ಸಾಲು ತಿದ್ದಬೇಕು. "ಬೆಲೆ ಚೀಟಿಯನ್ನು ಜಗತ್ತಿಗೆ ಕೊಟ್ಟವರು" ಅಂತ ಬರೆಸಿದ್ದಾರೆ. ಅಲ್ಲ. ನ್ಯೂಯಾರ್ಕಿನ ಎ. ಟಿ. ಸ್ಟೀವರ್ಟ್ 1846ರಲ್ಲಿ ಅಮೃತಶಿಲೆಯ ದೊಡ್ಡ ಅಂಗಡಿ ಕಟ್ಟಿದ್ದರು, ಒಂದೇ ಬೆಲೆಯ ಪದ್ಧತಿ ಅಲ್ಲಿತ್ತು. ಅದಕ್ಕೂ ಹಿಂದೆ ಕ್ವೇಕರ್ ಎಂಬ ಕ್ರೈಸ್ತ ಪಂಥದ ವ್ಯಾಪಾರಿಗಳು, ಚೌಕಾಸಿಯೆಂದರೆ ಎರಡೂ ಕಡೆಯವರು ಸುಳ್ಳು ಹೇಳುವುದು ಅಂತ, ಒಂದೇ ಮಾತು ಒಂದೇ ಬೆಲೆ ಅನ್ನುತ್ತಿದ್ದರು. ಸ್ಟೀವರ್ಟ್ ಸತ್ತು ಅವರ ವ್ಯಾಪಾರ ಕೈ ಬದಲಾಯಿಸಿ ಸೊರಗಿದ ಮೇಲೆ, 1896ರಲ್ಲಿ ಅದನ್ನು ಕೊಂಡವರು ಇದೇ ವಾನಮೇಕರ್. ವಾನಮೇಕರ್ ಹೊಸದಾಗಿ ಮಾಡಿದ್ದು ಬೇರೆ: ಒಂದೇ ಬೆಲೆ, ನಗದು ವ್ಯವಹಾರ, ಮಾಲಿಗೆ ಪೂರ್ತಿ ಜವಾಬ್ದಾರಿ, ಒಪ್ಪಿಗೆಯಾಗದಿದ್ದರೆ ದುಡ್ಡು ವಾಪಸ್, ಈ ನಾಲ್ಕನ್ನೂ ಒಟ್ಟಿಗೆ ಕಟ್ಟಿ, ಪತ್ರಿಕೆಯಲ್ಲಿ ದೊಡ್ಡಕ್ಷರದಲ್ಲಿ ಹಾಕಿಸಿ, ಊರೆಲ್ಲ ಸಾಕ್ಷಿ ಮಾಡಿಕೊಂಡರು.

ಇದರೊಳಗಿನ ಲೆಕ್ಕ ಹೊರಗಿನವರಿಗೆ ಬೇಗ ಕಾಣುವುದಿಲ್ಲ. ಚೌಕಾಸಿ ಅಂಗಡಿಯಲ್ಲಿ ಮಾರುವುದಕ್ಕೆ ಸಾಹುಕಾರರು, ಅವರ ಮಗ, ನಂಬಿಕೆಯ ಹಳಬರು ಇಬ್ಬರು, ಇಷ್ಟೇ ಜನ. ಹೊಸ ಹುಡುಗನ ಕೈಗೆ ಗುಟ್ಟಕ್ಷರ ಕೊಟ್ಟರೆ ಆರು ತಿಂಗಳಲ್ಲಿ ಎದುರುಗಡೆ ಅಂಗಡಿ ಸೇರಿಕೊಂಡಿರುತ್ತಾನೆ. ಬೆಲೆ ಚೀಟಿಯಲ್ಲೇ ಇದ್ದರೆ ನಿನ್ನೆ ಸೇರಿದ ಹುಡುಗಿಯೂ ಇವತ್ತು ಮಾರಬಹುದು. ಹಾಗಾಗಿಯೇ ಅಂಗಡಿ ನೂರಾರು ಕೈಗಳಿಗೆ ಬೆಳೆಯಬಹುದು. ವಾನಮೇಕರ್ ಬೆಳೆಸಿದರು. ಪೆನ್ಸಿಲ್ವೇನಿಯಾ ರೈಲ್ವೆಯವರು ಬಿಟ್ಟುಹೋಗಿದ್ದ ಗೂಡ್ಸ್ ಶೆಡ್ಡನ್ನು ಕೊಂಡು 1876ರಲ್ಲಿ ಗ್ರ್ಯಾಂಡ್ ಡಿಪೋ ಅಂತ ತೆರೆದರು. ಎರಡು ವರ್ಷದಲ್ಲಿ ವಿದ್ಯುತ್ ದೀಪ, ಆಮೇಲೆ ಟೆಲಿಫೋನ್. ಇನ್ನು ನಗದು ವ್ಯವಹಾರ ಅಂದರೆ ಉದ್ರಿ ಇಲ್ಲ. ಮೂವತ್ತು ದಿನ, ಅರವತ್ತು ದಿನದ ಉದ್ರಿಯಲ್ಲಿ ಮುಳುಗುವ ಬಾಕಿಯನ್ನು ಒಳ್ಳೆಯ ಗಿರಾಕಿಯ ಬೆಲೆಯ ಮೇಲೆ ಹೇರುವುದು ನಮ್ಮಲ್ಲಿ ಮಾಮೂಲು. ಆ ಹೇರಿಕೆ ತೆಗೆದರೆ ಬೆಲೆ ತಾನಾಗಿ ಇಳಿಯುತ್ತದೆ.

ಆಷಾಢ ಸೇಲ್ ಬಗ್ಗೆಯೂ ಒಂದು ಮಾತು. ಈ ಅಂಗಡಿಯಲ್ಲಿ ಆಷಾಢದಲ್ಲಿ ಕೆಲವು ಐಟಂಗೆ ಮಾತ್ರ ರಿಯಾಯಿತಿ. ಚೀಟಿಯ ಹಳೇ ಬೆಲೆಯನ್ನು ಅಳಿಸದೆ ಅದರ ಮೇಲೇ ಕೆಂಪು ಗೀಟು ಹಾಕಿರುತ್ತಾರೆ. ಹಿಂದಿನ ತಿಂಗಳ ಬಿಲ್ ನನ್ನ ಹತ್ತಿರ ಇತ್ತು, ತಾಳೆ ಹಾಕಿದೆ, ಸರಿಯಿತ್ತು. ಜ್ಯೇಷ್ಠದಲ್ಲಿ ಏರಿಸಿ ಆಷಾಢದಲ್ಲಿ ಇಳಿಸುವ ಆಟ ಇಲ್ಲಿಲ್ಲ. ಮದುವೆ ಮುಂಜಿ ಇಲ್ಲದ ತಿಂಗಳಲ್ಲಿ ಗಲ್ಲಾ ಓಡಿಸುವ ಉಪಾಯ ನಮ್ಮದೇ ಅಂತ ನಾನು ಅಂದುಕೊಂಡಿದ್ದೆ. ನೋಡಿದರೆ ವಾನಮೇಕರ್ 1878ರಲ್ಲೇ, ಕ್ರಿಸ್‌ಮಸ್ ಮುಗಿದು ವ್ಯಾಪಾರ ಮಲಗುವ ಜನವರಿಯಲ್ಲಿ, ಬಿಳಿ ಹಾಸಿಗೆ ಬಟ್ಟೆಗಳ ಸೇಲ್ ಶುರು ಮಾಡಿದ್ದರು. ಅವರ ಆಷಾಢ ಜನವರಿ.

ಈಗ ಆ ಐದನೇ ಸ್ಟಾರ್. ಸೊಸೆಗೆ ತಂದ ಕುರ್ತಾ ಅಳತೆಗೆ ಬರಲಿಲ್ಲ. ಚೀಟಿ ಕಿತ್ತಿರಲಿಲ್ಲ, ತಗೊಂಡು ಹೋದೆ. ಯಾಕೆ ಏನು ಅನ್ನದೆ, ಬಟ್ಟೆ ಬೆಳಕಿಗೆ ಹಿಡಿಯದೆ, ಅಲ್ಲೇ ಯುಪಿಐಗೆ ದುಡ್ಡು ಹಾಕಿದರು. ಬೇರೆಡೆ ಗಲ್ಲಾದ ಮೇಲೆ "ಮಾರಿದ ಮಾಲನ್ನು ವಾಪಸ್ ಪಡೆಯುವುದಿಲ್ಲ" ಅಂತ ಬೋರ್ಡು ಓದಿ ಅಭ್ಯಾಸವಾದ ನನಗೆ ಖುಷಿಯಾಯಿತು.

ಆದರೆ ಶರ್ಟ್ ಕಥೆ ಹಾಗಾಗಲಿಲ್ಲ. ಒಂದು ಒಗೆತಕ್ಕೆ ಕಾಲರ್ ಎರಡು ಬೆರಳು ಚಿಕ್ಕದಾಗಿ ಮೇಲಿನ ಗುಂಡಿ ಹಾಕುವುದಕ್ಕೇ ಆಗುತ್ತಿಲ್ಲ. ತಣ್ಣೀರಲ್ಲೇ ಒಗೆದದ್ದು, ಒಳಗಿನ ಲೇಬಲ್ ನೋಡಿಯೇ. ಅಂಗಡಿಗೆ ಹೋದರೆ ಓನರ್ ಹುಡುಗನೇ ಇದ್ದ.

"ಅಂಕಲ್, ಒಗೆದ ಮಾಲು ಕಂಪನಿಯವರು ತಗೊಳಲ್ಲ. ಕ್ರೆಡಿಟ್ ನೋಟ್ ಕೊಡ್ತೀನಿ, ಮೂರು ತಿಂಗಳೊಳಗೆ ಏನಾದ್ರೂ ತಗೊಳ್ಳಿ."

"ಕಂಪನಿ ತಗೊಳ್ಳೋದು ಬಿಡೋದು ನಿಮ್ಮಿಬ್ಬರ ವ್ಯವಹಾರ ಕಣಪ್ಪ. ಗೋಡೆ ಮೇಲೆ ದುಡ್ಡು ವಾಪಸ್ ಅಂತ ಬರೆಸಿರೋದು ನಂಗೆ ತಾನೆ?"

ಹುಡುಗ ಗೋಡೆ ಕಡೆ ನೋಡಿ, "ಅದು ಅವ್ರ ಪಾಲಿಸಿ ಅಂಕಲ್" ಅಂದ. ನನಗೆ ನಗು ಬಂತು, ಕ್ರೆಡಿಟ್ ನೋಟ್ ತಗೊಂಡು ಬಂದೆ. ನೋಟಿನ ಹಿಂದೆ ಸಣ್ಣಕ್ಷರದಲ್ಲಿ ಷರತ್ತು ಬೇರೆ. ಚೀಟಿ ಇಡುವುದರಿಂದ ವ್ಯಾಪಾರಿಗೆ ಲಾಭವೇ, ಆಗಲೇ ಹೇಳಿದೆ. ದುಡ್ಡು ವಾಪಸ್ ಕೊಡುವುದರಲ್ಲಿ ಮಾತ್ರ ಮೊದಲು ಕೈ ಕಚ್ಚುತ್ತದೆ, ಫಲ ಬರುವುದು ವರ್ಷಗಳ ಮೇಲೆ. ಹುಡುಗ ಸುಲಭದ ಮೂರನ್ನು ಇಟ್ಟುಕೊಂಡು ಕಷ್ಟದ ಒಂದನ್ನು ಗೋಡೆಗೆ ಬಿಟ್ಟಿದ್ದಾನೆ. ಕುರ್ತಾ ವಾಪಸ್ ತಗೊಂಡದ್ದು ಮತ್ತೆ ಮಾರಬಹುದು ಅಂತ. ಕುಗ್ಗಿದ ಶರ್ಟ್ ಮತ್ತೆ ಮಾರುವುದಕ್ಕಾಗಲ್ಲ. ಪರೀಕ್ಷೆ ಇರುವುದು ಅಲ್ಲಿ.

ಫಲಕದಲ್ಲಿ ಊರಿಗಾಗಿ ವಾನಮೇಕರ್ ಮಾಡಿದ್ದನ್ನು ಎರಡೇ ಸಾಲಿನಲ್ಲಿ ಮುಗಿಸಿದ್ದಾರೆ, ಅದು ನನಗೆ ಸರಿಬರಲಿಲ್ಲ. ಅಂಗಡಿ ಇಡುವುದಕ್ಕೂ ಮೊದಲೇ, 1858ರಲ್ಲಿ, ವೈಎಂಸಿಎ ಎಂಬ ಕ್ರೈಸ್ತ ಯುವಕರ ಸಂಘದ ಫಿಲಡೆಲ್ಫಿಯಾ ಶಾಖೆಗೆ ಸಂಬಳದ ಕಾರ್ಯದರ್ಶಿಯಾಗಿದ್ದವರು. ಅದೇ ವರ್ಷ ಊರಿನ ಬಡ ಮೂಲೆಯಲ್ಲಿ ಬೆಥನಿ ಅನ್ನುವ ಭಾನುವಾರದ ಶಾಲೆ ಶುರು ಮಾಡಿ ಕೊನೆವರೆಗೂ ಬಿಡಲಿಲ್ಲ. ಕೆಲಸಗಾರರ ಓದಿಗೆಂದು ಅಂಗಡಿಯೊಳಗೇ ಶಾಲೆ ಇಟ್ಟಿದ್ದರು. ನಮಗೆ ಹತ್ತಿರದ ಸಂಗತಿಯೂ ಒಂದಿದೆ: ಮದ್ರಾಸ್ ವೈಎಂಸಿಎಯ ಹಳೇ ಕೆಂಪು ಕಟ್ಟಡಕ್ಕೆ ದುಡ್ಡು ಕೊಟ್ಟವರು ಇವರೇ. ಬೆಂಗಳೂರಿನ ಗಿರಾಕಿಗೆ ಇದನ್ನು ಹೇಳದೆ, ವಾನಮೇಕರ್ ಅಂಗಡಿಯೊಳಗಿದ್ದ ಕಂಚಿನ ಹದ್ದಿನ ಫೋಟೋಗೆ ಅರ್ಧ ಫಲಕ ಕೊಟ್ಟಿದ್ದಾರೆ.

ಹಾಗಂತ ಪೂಜೆ ಮಾಡುವಂಥವರೂ ಅಲ್ಲ. ಬೆಂಜಮಿನ್ ಹ್ಯಾರಿಸನ್ ಅಮೆರಿಕದ ಅಧ್ಯಕ್ಷರಾದ ಚುನಾವಣೆಗೆ ದೊಡ್ಡ ಮೊತ್ತ ಎತ್ತಿಕೊಟ್ಟು, 1889ರಿಂದ 1893ರವರೆಗೆ ದೇಶದ ಪೋಸ್ಟ್‌ಮಾಸ್ಟರ್ ಜನರಲ್ ಆದರು. ಆ ಕಾಲದಲ್ಲಿ ಇಲಾಖೆಯಲ್ಲಿ ಬೇರೆ ಪಕ್ಷದ ಸಾವಿರಾರು ಪೋಸ್ಟ್‌ಮಾಸ್ಟರ್‌ಗಳು ಮನೆಗೆ ಹೋದರು, ಸ್ವಂತ ಪಕ್ಷದವರು ಬಂದು ಕೂತರು. ಆಗ ಸಿವಿಲ್ ಸರ್ವಿಸ್ ಕಮಿಷನರ್ ಆಗಿದ್ದ ಥಿಯೋಡರ್ ರೂಸ್‌ವೆಲ್ಟ್ ಇವರ ಜೊತೆ ಬಹಿರಂಗವಾಗಿ ಜಗಳಕ್ಕೆ ನಿಂತಿದ್ದರು. ಅದೇ ಕುರ್ಚಿಯಲ್ಲಿ ಕೂತು, ಹಳ್ಳಿಯವರ ಮನೆಬಾಗಿಲಿಗೇ ಅಂಚೆ ಹೋಗಬೇಕು ಅಂತ ಪಟ್ಟು ಹಿಡಿದವರೂ ಇವರೇ. ಅದರ ಪ್ರಯೋಗ ಶುರುವಾದದ್ದು ಇವರು ಇಳಿದ ಮೇಲೆ, 1896ರಲ್ಲಿ. ಅಂಚೆಚೀಟಿ ಕೂಡಿಹಾಕುವ ಹುಚ್ಚಿರುವವರಿಗೆ ಕೊಲಂಬಸ್ ಚಿತ್ರಗಳ 1893ರ ಮಾಲೆ ಗೊತ್ತಿರುತ್ತದೆ, ಇವರ ಕಾಲದಲ್ಲೇ ಬಂದ ಅಮೆರಿಕದ ಮೊದಲ ಸ್ಮಾರಕ ಚೀಟಿಗಳು. ಒಂದು ಸೆಂಟಿನಿಂದ ಐದು ಡಾಲರ್‌ವರೆಗೆ. ಐದು ಡಾಲರ್ ಚೀಟಿ ಯಾರು ಹಚ್ಚುತ್ತಾರೆ ಅಂತ ಆಗಲೇ ಬೈದಿದ್ದರು. ವ್ಯಾಪಾರಿ ಬುದ್ಧಿ, ಹಚ್ಚುವುದಕ್ಕಲ್ಲ, ಕೊಳ್ಳುವುದಕ್ಕೆ!

ಫಿಲಡೆಲ್ಫಿಯಾದ ಸಿಟಿ ಹಾಲ್ ಪಕ್ಕ ಅವರ ಪ್ರತಿಮೆ ಇದೆ. ಕೆಳಗೆ ಹೆಸರು, ಅದರ ಜೊತೆ ನಾಗರಿಕ ಅನ್ನುವ ಬಿರುದು. ಅವರ ದೊಡ್ಡ ಅಂಗಡಿ ಕೈಯಿಂದ ಕೈಗೆ ಹೋಗಿ, ಕೊನೆಗೆ ಅಲ್ಲಿದ್ದ ಮೇಸೀಸ್ ಎಂಬ ದೊಡ್ಡ ಅಂಗಡಿ ಸರಣಿಯವರ ಮಳಿಗೆ 2025ರಲ್ಲಿ ಬಾಗಿಲು ಹಾಕಿತು.

ಕೊಳ್ಳುವವರಿಗೆ: ಕಾಟನ್ ಶರ್ಟ್ ಒಂದು ಸೈಜ್ ದೊಡ್ಡದೇ ತಗೊಳ್ಳಿ. ಹೆಂಗಸರ ಕುರ್ತಾಗಳ ಹೊಲಿಗೆ ಗಟ್ಟಿ, ಒಳಗೆ ಎರಡೂ ಕಡೆ ಬಿಚ್ಚಿಕೊಳ್ಳುವಷ್ಟು ಬಟ್ಟೆ ಬಿಟ್ಟಿದ್ದಾರೆ, ಈಗಿನ ಕಾಲಕ್ಕೆ ಅಪರೂಪ. ಟ್ರಯಲ್ ರೂಮಿನಲ್ಲಿ ಒಂದೇ ಕೊಕ್ಕೆ, ಬ್ಯಾಗು ಹಿಡಿದುಕೊಳ್ಳಲು ಯಾರನ್ನಾದರೂ ಕರಕೊಂಡು ಹೋಗಿ. ಸಂಜೆ ಗಾಡಿ ನಿಲ್ಲಿಸುವ ಆಸೆ ಬಿಟ್ಟು ಸಂಪಿಗೆ ರಸ್ತೆ ಮೆಟ್ರೋದಿಂದ ನಡೆದು ಬನ್ನಿ. ವರಮಹಾಲಕ್ಷ್ಮಿ ವಾರದಲ್ಲಂತೂ ಬೆಳಿಗ್ಗೆಯೇ ಹೋಗಿ, ಮಧ್ಯಾಹ್ನದ ಮೇಲೆ ಮೆಟ್ಟಿಲ ಮೇಲೇ ಕ್ಯೂ. ಓನರ್ ಇದನ್ನು ಓದಿದರೆ ಒಂದು ಮಾತು: ಕ್ರೆಡಿಟ್ ನೋಟ್ ಇನ್ನೂ ನನ್ನ ಹತ್ತಿರವೇ ಇದೆ. 640 ರೂಪಾಯಿ ವಾಪಸ್ ಹಾಕಿದ ದಿನ ಸ್ಟಾರನ್ನೂ ತಿದ್ದುತ್ತೇನೆ.