ಗಾರ್ಡನ್ ಪಾರ್ಕ್ಸ್ ಅವರ ‘ದ ಲರ್ನಿಂಗ್ ಟ್ರೀ’ ಬ್ಲೂ-ರೇ: ಕಿರುಚಿತ್ರ ಮೊದಲು ನೋಡಿ

ಒಳ್ಳೆಯ ಹಳೇ ಸಿನಿಮಾಗಳನ್ನು ಡಿಸ್ಕ್‌ನಲ್ಲಿ ತರುವ ಅಮೆರಿಕದ ಕ್ರೈಟೀರಿಯನ್ ಕಂಪನಿಯವರು 2021ರಲ್ಲಿ ತಂದ ಈ ಡಿಸ್ಕ್ ಸಿಕ್ಕರೆ ನೇರವಾಗಿ ಸಿನಿಮಾ ಹಾಕಬೇಡಿ. ಜೊತೆಗೆ ‘ಡೈರಿ ಆಫ್ ಎ ಹಾರ್ಲೆಮ್ ಫ್ಯಾಮಿಲಿ’ ಅಂತ 1968ರ ಕಿರುಚಿತ್ರ ಇದೆ, ಮೊದಲು ಅದನ್ನು ನೋಡಿ. ಅದರಲ್ಲಿರುವುದು ಕಪ್ಪು ಅಮೆರಿಕನ್ ಫೋಟೋಗ್ರಾಫರ್ ಪಾರ್ಕ್ಸ್ ಅಲ್ಲಿಯ ‘ಲೈಫ್’ ಪತ್ರಿಕೆಗೆ ತೆಗೆದ ಕಪ್ಪುಬಿಳುಪು ಫೋಟೋಗಳು, ಹಿನ್ನೆಲೆಯಲ್ಲಿ ಅವರದೇ ದನಿ. ನ್ಯೂಯಾರ್ಕ್‌ನ ಕಪ್ಪು ಜನರ ಬಡಾವಣೆ ಹಾರ್ಲೆಮ್‌ನಲ್ಲಿ, ಬಡತನ ಹಿಂಡಿ ಹಾಕಿದ ಒಂದೇ ಒಂದು ಮನೆಯ ಕತೆ. ಚಿತ್ರ ಅಲ್ಲಾಡದೆ ನಿಂತಿರುತ್ತದೆ, ನಮಗೆ ಕಣ್ಣು ಕೀಳಲು ಆಗುವುದಿಲ್ಲ. ಫೋಟೋಗ್ರಾಫರ್ ಒಬ್ಬರು ಸಿನಿಮಾದ ಹೊಸ್ತಿಲಲ್ಲಿ ನಿಂತಿದ್ದಾರೆ ಅಂತ ಅಲ್ಲೇ ಗೊತ್ತಾಗುತ್ತದೆ.

ಮರುವರ್ಷವೇ, 1969ರಲ್ಲಿ, ‘ದ ಲರ್ನಿಂಗ್ ಟ್ರೀ’ ಬಂತು. ಆಗ ಅವರಿಗೆ 56 ವರ್ಷ. ಹಾಲಿವುಡ್‌ನ ದೊಡ್ಡ ಸ್ಟುಡಿಯೋ ಒಂದಕ್ಕೆ ಸಿನಿಮಾ ನಿರ್ದೇಶಿಸಿದ ಮೊದಲ ಕಪ್ಪು ಅಮೆರಿಕನ್ನರು ಅವರು. ಕತೆ ಅವರದೇ ಕಾದಂಬರಿ, ಚಿತ್ರಕತೆ ಅವರದು, ನಿರ್ಮಾಣ ಅವರದು, ಸಂಗೀತವೂ ಅವರದೇ. ಶೂಟಿಂಗ್ ಮಾಡಿದ್ದು ಕಾನ್ಸಾಸ್‌ನ ಫೋರ್ಟ್ ಸ್ಕಾಟ್‌ನಲ್ಲಿ. 1912ರಲ್ಲಿ ಹುಟ್ಟಿ, 15 ಮಕ್ಕಳಲ್ಲಿ ಕೊನೆಯವರಾಗಿ ಬೆಳೆದ ಸ್ವಂತ ಊರು ಅದು.

ಅವರು ನಡೆದು ಬಂದ ದಾರಿ ನೋಡಿ. ಹೈಸ್ಕೂಲು ಮುಗಿಸಲಿಲ್ಲ. ರೈಲಿನಲ್ಲಿ ವೇಟರ್ ಆಗಿದ್ದಾಗ ಪ್ರಯಾಣಿಕರು ಬಿಟ್ಟುಹೋದ ಪತ್ರಿಕೆಗಳಲ್ಲಿ ವಲಸೆ ಕೂಲಿಕಾರರ ಫೋಟೋ ನೋಡಿದರು. ಆಮೇಲೆ ಸಿಯಾಟಲ್‌ನ ಗಿರವಿ ಅಂಗಡಿಯಲ್ಲಿ ಒಂದು ಹಳೇ ಕ್ಯಾಮೆರಾ ಕೊಂಡರು. 1942ರಲ್ಲಿ ವಾಷಿಂಗ್ಟನ್‌ನಲ್ಲಿ, ಸರ್ಕಾರಿ ಕಚೇರಿಯ ಕಸ ಗುಡಿಸುವ ಎಲಾ ವಾಟ್ಸನ್ ಅನ್ನುವ ಕಪ್ಪು ಮಹಿಳೆಯನ್ನು ಪೊರಕೆ ಹಿಡಿಸಿ ಅಮೆರಿಕದ ಬಾವುಟದ ಮುಂದೆ ನಿಲ್ಲಿಸಿ ಫೋಟೋ ತೆಗೆದರು. ಅವರ ಕೆಲಸದಲ್ಲಿ ಒಂದನ್ನೇ ನೋಡಲು ಸಮಯ ಇದೆ ಅಂದರೆ ನಾನು ಇದನ್ನೇ ತೋರಿಸುತ್ತೇನೆ. 1948ರಲ್ಲಿ ‘ಲೈಫ್’ ಸೇರಿದರು, ಅಲ್ಲಿ ಸಿಬ್ಬಂದಿ ಫೋಟೋಗ್ರಾಫರ್ ಆದ ಮೊದಲ ಕಪ್ಪು ವ್ಯಕ್ತಿ.

ಈಗ ಸಿನಿಮಾ. 1920ರ ದಶಕದ ಕಾನ್ಸಾಸ್, ನ್ಯೂಟ್ ಅನ್ನುವ ಹುಡುಗ. ಹೊಳೆಗೆ ಹಾರಿ ತಪ್ಪಿಸಿಕೊಳ್ಳಲು ನೋಡಿದ ಕಪ್ಪು ಮನುಷ್ಯನಿಗೆ ಪೊಲೀಸ್ ಗುಂಡು ಹೊಡೆಯುತ್ತಾನೆ, ಹೆಣ ಹುಡುಕಲು ಈ ಹುಡುಗರನ್ನೇ ನೀರಿಗೆ ಇಳಿಸುತ್ತಾರೆ. ಇದೆಲ್ಲ ನಡೆಯುವುದು ಹಸಿರು, ಬಿಸಿಲು, ತಿಳಿನೀರಿನ ನಡುವೆ, ಮೈ ಜುಂ ಅನ್ನುವುದು ಅದಕ್ಕೇ. ಕಾಲೇಜಿನ ಕನಸು ಬೇಡ ಅಂತ ಟೀಚರ್ ಹೇಳುವ ದೃಶ್ಯವಂತೂ ನನ್ನನ್ನು ಬಿಟ್ಟಿಲ್ಲ. ಪಾರ್ಕ್ಸ್ ಶಾಲೆಯಲ್ಲಿದ್ದಾಗ ಅವರ ಟೀಚರ್ ಹೇಳಿದ ಮಾತೇ ಅದು. ನಮ್ಮಲ್ಲೂ ಜಾತಿ ನೋಡಿ ಹೀಗೆ ಹೇಳಿಸಿಕೊಂಡವರು ಎಷ್ಟು ಜನ ಇದ್ದಾರೆ, ಅಲ್ವಾ?

ಕೊರತೆ ಇಲ್ಲ ಅಂತಲ್ಲ. ನಡುವೆ ಕತೆ ನಿಧಾನವಾಗುತ್ತದೆ. ಕೆಲವು ಕಡೆ ಸಂಗೀತ ಜಾಸ್ತಿ ಆಯಿತು, ಸುಮ್ನೆ ಬಿಟ್ಟಿದ್ದರೆ ಮುಖಗಳೇ ಮಾತಾಡುತ್ತಿದ್ದವು. ನಟರಲ್ಲೂ ಒಬ್ಬಿಬ್ಬರು ಬಿಗಿಯಾಗಿದ್ದಾರೆ. ಆದರೆ ಫ್ರೇಮ್ ಇಟ್ಟ ರೀತಿಯಲ್ಲಿ ಒಂದು ತಪ್ಪು ತೋರಿಸಿ ಅಂದರೆ ನನ್ನ ಕೈಲಿ ಆಗುವುದಿಲ್ಲ.

ಪ್ರಿಂಟ್ ಚೆನ್ನಾಗಿ ತೊಳೆದಿದ್ದಾರೆ, ಬಣ್ಣ ಗಾಢವಾಗಿದೆ, ಇಂಗ್ಲಿಷ್ ಸಬ್‌ಟೈಟಲ್ ಇದೆ. ಭಾರತದಲ್ಲಿ ಕೊಳ್ಳುವವರು ಒಂದು ನೋಡಿಕೊಳ್ಳಿ: ಇದು ರೀಜನ್ ಎ ಡಿಸ್ಕ್, ಅಂದರೆ ಅಮೆರಿಕ ಮುಂತಾದ ಕಡೆಯ ಪ್ಲೇಯರ್‌ಗಳಿಗೆ ಮಾಡಿದ್ದು; ಇಲ್ಲಿಯ ಪ್ಲೇಯರ್‌ಗಳು ರೀಜನ್ ಸಿ, ಅವುಗಳಲ್ಲಿ ಓಡುವುದಿಲ್ಲ. ಎಲ್ಲ ರೀಜನ್ ಓದುವ ಪ್ಲೇಯರ್ ಇದ್ದರೆ ಮಾತ್ರ ತರಿಸಿ.